ಚಂದ್ರಗಿರಿಯ ರಾಣಿ ಆಡಿದ ನುಡಿ: ಒಂದು ಸ್ವಪ್ನಭಾಷೆಯ ಪರಾಮರ್ಶೆ

ಕನ್ನಡ ಕರಾವಳಿಯ ಹೆಸರನ್ನು ಹೊತ್ತುಕೊಂಡು ಐರೋಪ್ಯ ಭಾಷಾಚಿಂತನೆಯ ಚರಿತ್ರೆಯನ್ನು ಪ್ರವೇಶಿಸಿರುವ ಒಂದು ಕಲ್ಪಿತ ಭಾಷೆಯಿದೆ. ಅದನ್ನು ಆಡಿದವಳು ಜಿನೀವಾ ನಗರದ ಒಂದು ಅಂಗಡಿಯಲ್ಲಿ ಉದ್ಯೋಗದಲ್ಲಿದ್ದ ಮಹಿಳೆ. ಆಡಿದ್ದು ಎಚ್ಚರದಲ್ಲಿ ಅಲ್ಲ, ಪರವಶತೆಯಲ್ಲಿ. ಆ ಸ್ಥಿತಿಯಲ್ಲಿ ತಾನು ಇರುವುದಾಗಿ ಆಕೆ ಕಂಡುಕೊಂಡ ಸ್ಥಳ ಕೆನರಾ ಸೀಮೆಯ ಚಂದ್ರಗಿರಿ ಎಂಬ ಕೋಟೆ. ಈ ನುಡಿಯನ್ನು ಕಿವಿಯಾರೆ ಕೇಳಿ, ಬರೆದುಕೊಂಡ ಪಾಠಗಳನ್ನು ಪದಪದವಾಗಿ ವಿಶ್ಲೇಷಿಸಿದವರಲ್ಲಿ ಆಧುನಿಕ ಭಾಷಾಶಾಸ್ತ್ರದ ಪ್ರವರ್ತಕರಾದ ಫರ್ದಿನಾಂದ್ ದ ಸಸ್ಯೂರ್ ಅವರೂ ಒಬ್ಬರು. ಇಷ್ಟಿದ್ದರೂ ಈ ಪ್ರಸಂಗ ಕನ್ನಡದ ಸಾಹಿತ್ಯಮೀಮಾಂಸೆಯ ಚರ್ಚೆಗಳಿಗೆ ಹೆಚ್ಚಾಗಿ ಒದಗಿಬಂದಿಲ್ಲ. ಮನಶ್ಶಾಸ್ತ್ರದವರು ಅದನ್ನು ಒಂದು ರೋಗಲಕ್ಷಣವೆಂದು ಓದಿದ್ದಾರೆ. ಪ್ರೇತವಾದಿಗಳು ಪುನರ್ಜನ್ಮದ ಸಾಕ್ಷ್ಯವೆಂದು ಓದಿದ್ದಾರೆ. ಅದೊಂದು ಕೃತಿ, ಅದರ ಗುಣದೋಷಗಳನ್ನು ಕೃತಿಯ ಗುಣದೋಷಗಳಾಗಿಯೇ ವಿವೇಚಿಸಬಹುದು ಎಂಬ ದೃಷ್ಟಿಯಿಂದ ಪ್ರಸ್ತುತ ಲೇಖನವನ್ನು ಸಿದ್ಧಪಡಿಸಲಾಗಿದೆ.

ಮೊದಲು ಸಂಗತಿಗಳನ್ನು ತಿಳಿಯುವುದು ಅವಶ್ಯ. ಜಿನೀವಾ ವಿಶ್ವವಿದ್ಯಾಲಯದಲ್ಲಿ ಮನಶ್ಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಥಿಯೊಡೋರ್ ಫ್ಲೂರ್ನುವಾ ಅವರು 1894ರ ಡಿಸೆಂಬರಿನಲ್ಲಿ ಪ್ರೇತಾವಾಹನದ ಒಂದು ಖಾಸಗಿ ಗೋಷ್ಠಿಗೆ ಹೋಗಲಾರಂಭಿಸಿದರು. ಗೋಷ್ಠಿಯ ಮಾಧ್ಯಮವಾಗಿದ್ದವಳು ಕ್ಯಾಥರೀನ್ ಎಲಿಸ್ ಮ್ಯೂಲರ್ (1861–1929). ಫ್ಲೂರ್ನುವಾ ಅವರು ತಮ್ಮ ಗ್ರಂಥದಲ್ಲಿ ಆಕೆಗೆ ಎಲೆನ್ ಸ್ಮಿತ್ ಎಂಬ ಮರೆಹೆಸರನ್ನಿತ್ತರು; ಲೋಕಪ್ರಸಿದ್ಧವಾದುದು ಆ ಹೆಸರೇ. 1899ರ ಕೊನೆಗೆ ಹೊರಬಂದು ಮುಖಪುಟದಲ್ಲಿ 1900ರ ವರ್ಷವನ್ನು ಧರಿಸಿದ ಆ ಗ್ರಂಥದ ಶೀರ್ಷಿಕೆಯನ್ನು ‘ಇಂಡಿಯಾದಿಂದ ಮಂಗಳಗ್ರಹಕ್ಕೆ’ ಎಂದು ಕನ್ನಡಿಸಬಹುದು. ಫ್ರಾಯ್ಡ್ ಅವರ ಸ್ವಪ್ನವಿಶ್ಲೇಷಣೆಯ ಮಹಾಗ್ರಂಥವೂ ಇದೇ ರೀತಿ 1899ರಲ್ಲಿ ಪ್ರಕಟವಾಗಿ 1900ರ ವರ್ಷವನ್ನು ಹೊತ್ತಿತ್ತೆಂಬುದನ್ನು ಇಲ್ಲಿ ನೆನೆಯಬಹುದು. ಎಲೆನ್ ಸ್ಮಿತಳ ಪರವಶತೆಯಲ್ಲಿ ಹಲವು ಕಥಾಚಕ್ರಗಳು ಬೆಳೆದವು. ಒಂದರಲ್ಲಿ ಆಕೆ ಫ್ರಾನ್ಸಿನ ರಾಣಿ ಮಾರಿ ಆಂತುವಾನೆತ್. ಇನ್ನೊಂದರಲ್ಲಿ ಮಂಗಳಗ್ರಹದ ಸಂದರ್ಶಕಿ. ನಮಗೆ ಮುಖ್ಯವಾದುದು ಹಿಂದೂ ಚಕ್ರ. ಇದರಲ್ಲಿ ಆಕೆ ಅರಬ್ ಮುಖ್ಯಸ್ಥನೊಬ್ಬನ ಮಗಳು. ಕೆನರಾ ದೇಶದ ಅರಸು ಸಿವ್ರೂಕ ನಾಯಕನನ್ನು ವರಿಸಿ ಸಿಮಂದಿನಿ ಎಂಬ ಹೆಸರಿನಿಂದ ಚಂದ್ರಗಿರಿಯ ರಾಣಿಯಾಗುತ್ತಾಳೆ. ಆತ ಸತ್ತಾಗ ಚಿತೆಯೇರುತ್ತಾಳೆ. ಸಿವ್ರೂಕನು ಆ ಕೋಟೆಯನ್ನು ಕಟ್ಟಿಸಿದ್ದು 1401ರಲ್ಲಿ ಎಂಬ ನಿರ್ದಿಷ್ಟ ಕಾಲವೂ ಆ ಕನಸಿನಲ್ಲಿದೆ. ಇನ್ನೂ ಒಂದು ಮಾತು: ಆಕೆಯ ಪ್ರಕಾರ ಸಿವ್ರೂಕ ನಾಯಕನು ಮರುಹುಟ್ಟು ಪಡೆದು ಎದುರಿಗೇ ಕುಳಿತಿದ್ದನು. ಆತನೇ ಪ್ರಾಧ್ಯಾಪಕ ಫ್ಲೂರ್ನುವಾ! ವಿಮರ್ಶಕನನ್ನೇ ಕಾವ್ಯದ ನಾಯಕನನ್ನಾಗಿ ಮಾಡಿಕೊಂಡ ಕೃತಿ ಬೇರೊಂದು ಇದೆಯೋ ಇಲ್ಲವೋ.

ಫ್ಲೂರ್ನುವಾ ಅವರು ಮರುಳಾಗಲಿಲ್ಲ. ಆಕರಶೋಧನೆಯಲ್ಲಿ ಅವರು ತೋರಿಸಿದ ಶ್ರದ್ಧೆ ನಮ್ಮ ಗ್ರಂಥಸಂಪಾದಕರು ಮೆಚ್ಚುವಂತಹುದು. ಇತಿಹಾಸಜ್ಞರನ್ನು ವಿಚಾರಿಸಿದಾಗ ಸಿವ್ರೂಕನ ಸುಳಿವು ದೊರೆಯಲಿಲ್ಲ. ಕಡೆಗೆ ದ ಮಾರ್ಲೆಸ್ ಎಂಬಾತ 1828ರಲ್ಲಿ ಪ್ಯಾರಿಸಿನಲ್ಲಿ ಪ್ರಕಟಿಸಿದ ಭಾರತದ ಸಾಮಾನ್ಯ ಇತಿಹಾಸದ ಮೊದಲ ಸಂಪುಟದಲ್ಲಿ ಆ ವಾಕ್ಯಗಳೇ ಸಿಕ್ಕವು: ಕೆನರಾದ ಪ್ರಸ್ತಾಪ, ಅಲ್ಲಿನ ಹೆಂಗಸರ ಚೆಲುವಿನ ಪ್ರಶಂಸೆ, ಚಂದ್ರನ ಬೆಟ್ಟವೆಂದು ಅರ್ಥಕೊಡುವ ಚಂದ್ರಗಿರಿ, ಅದನ್ನು 1401ರಲ್ಲಿ ನಿರ್ಮಿಸಿದ ಸಿವ್ರೂಕ ನಾಯಕ. ಗ್ರಂಥದ ಪ್ರತಿಗಳು ಜಿನೀವಾದ ಗ್ರಂಥಾಲಯಗಳಲ್ಲಿ ಧೂಳುಹಿಡಿದು ಕುಳಿತಿದ್ದವು. ಎಂದೋ ಕಣ್ಣಿಗೆ ಬಿದ್ದು ಮರೆತುಹೋದ ಓದು ಕನಸಿನಲ್ಲಿ ಅನುಭವದ ವೇಷ ಧರಿಸಿ ಮರಳಿದೆಯೆಂದು ಫ್ಲೂರ್ನುವಾ ಅವರು ವಿವರಿಸಿದರು. ಗುಪ್ತಸ್ಮೃತಿಯ ಈ ವಿವರಣೆ ನನಗೆ ಒಪ್ಪಿಗೆಯೇ.

ಆದರೆ ಫ್ಲೂರ್ನುವಾ ಅವರ ಶೋಧನೆ ನಿಂತಲ್ಲಿಂದ ಕನ್ನಡ ವಿದ್ಯಾರ್ಥಿಯ ಶೋಧನೆ ಆರಂಭವಾಗಬೇಕು. ಚಂದ್ರಗಿರಿ ಕನಸಿನ ಊರಲ್ಲ. ಅದು ಕಾಸರಗೋಡಿನ ಬಳಿ, ಪಯಸ್ವಿನಿಯೆಂದೂ ಕರೆಯಲ್ಪಡುವ ಚಂದ್ರಗಿರಿ ಹೊಳೆಯ ದಕ್ಷಿಣ ದಂಡೆಯ ಎತ್ತರದಲ್ಲಿ, ಇಂದಿಗೂ ನಿಂತಿರುವ ಕೋಟೆ. ಕಟ್ಟಿಸಿದವನು ಕೆಳದಿಯ ಶಿವಪ್ಪನಾಯಕ. ಆತನ ಆಳ್ವಿಕೆ 1645ರಿಂದ 1660ರವರೆಗೆ. 1801ರಲ್ಲಿ ಈ ಮಾರ್ಗವಾಗಿ ಸಂಚರಿಸಿದ ಫ್ರಾನ್ಸಿಸ್ ಬುಕಾನನ್ 1807ರ ತನ್ನ ಪ್ರವಾಸಗ್ರಂಥದಲ್ಲಿ ಈ ಕೋಟೆಯನ್ನು ಹೆಸರಿಸಿ ಶಿವಪ್ಪನಾಯಕನಿಗೇ ಅದರ ಕರ್ತೃತ್ವವನ್ನು ಸಲ್ಲಿಸಿದ್ದಾನೆ. ಅಂದರೆ ಸರಿಯಾದ ಮಾಹಿತಿ ಮಾರ್ಲೆಸ್‌ಗಿಂತ ಇಪ್ಪತ್ತೊಂದು ವರ್ಷ ಮೊದಲೇ ಅಚ್ಚಾಗಿತ್ತು. ‘ಸಿವ್ರೂಕ’ ಎಂಬುದು ‘ಶಿವಪ್ಪ’ ಎಂಬುದರ ಕೆಟ್ಟ ರೂಪವೆಂಬುದು ನನ್ನ ಊಹೆ. ಕೋಟೆ ಅದೇ, ನಾಯಕ ಪದವಿ ಅದೇ, ಮೊದಲ ಅಕ್ಷರಗಳೂ ಅವೇ ಆಗಿರುವುದರಿಂದ ಬೇರೆ ಊಹೆಗೆ ಅವಕಾಶ ಕಡಿಮೆ. 1401 ಎಂಬ ಕಾಲವಂತೂ ಸಲ್ಲುವುದಿಲ್ಲ. ಆಗ ವಿಜಯನಗರದಲ್ಲಿ ಇಮ್ಮಡಿ ಹರಿಹರ ಆಳುತ್ತಿದ್ದನು. ತುಳುನಾಡು ಬಾರಕೂರು, ಮಂಗಳೂರು ರಾಜ್ಯಗಳಾಗಿ ಅವನ ಅಧೀನದಲ್ಲಿತ್ತು. ಕೆಳದಿಯ ಅರಸುಮನೆ ಹುಟ್ಟಲು ಇನ್ನೂ ನೂರು ವರ್ಷ ಬಾಕಿಯಿತ್ತು. ಹೀಗೆ ಒಬ್ಬ ಫ್ರೆಂಚ್ ಸಂಕಲನಕಾರನ ಪ್ರಮಾದ ಒಬ್ಬ ಸ್ವಿಸ್ ಮಹಿಳೆಯ ಕನಸಿನಲ್ಲಿ ಅರಸನಾಗಿ ಹುಟ್ಟಿ, ಪ್ರೀತಿಸಿ, ಸತ್ತು, ಒಬ್ಬ ಪ್ರಾಧ್ಯಾಪಕರ ದೇಹದಲ್ಲಿ ಮರುಹುಟ್ಟನ್ನೂ ಪಡೆಯಿತು.

ಊರ ಹೆಸರುಗಳು ಹೀಗೆ ಮೋಸಮಾಡುವುದು ಹೊಸತೇನೂ ಅಲ್ಲ. ಚಂದ್ರಗಿರಿಯೆಂದರೆ ಶ್ರವಣಬೆಳಗೊಳದ ಚಿಕ್ಕಬೆಟ್ಟವೆಂದು ಜೈನ ಸಾಹಿತ್ಯದ ಓದುಗ ತಿಳಿಯುತ್ತಾನೆ. ವಿಜಯನಗರದ ಕೊನೆಯ ಅರಸರನ್ನು ಓದಿದವನಿಗೆ ತಿರುಪತಿಯ ಬಳಿಯ ಕೋಟೆ ನೆನಪಾಗುತ್ತದೆ. ಈ ಲೇಖಕನು ವಾಸಿಸುವ ನವಿ ಮುಂಬಯಿಯ ಬೇಲಾಪುರದ ಪಾಡೂ ಇದೇ. ಶಾಸನಗಳನ್ನು ಓದಿದ ಕನ್ನಡಿಗನ ಕಿವಿಗೆ ಬೇಲಾಪುರವೆಂದರೆ ಹೊಯ್ಸಳರ ವೇಲಾಪುರ, ಚೆನ್ನಕೇಶವನ ಬೇಲೂರು. ಇಲ್ಲಿಯವರಿಗೆ ಅದು ಖಾರಿಯ ದಡದ ಹಳೆಯ ಕೋಟೆ, ಸರ್ಕಾರಿ ಕಚೇರಿಗಳು ಮತ್ತು ಲೋಕಲ್ ರೈಲಿನ ನಿಲ್ದಾಣ. ಕೊಂಕಣ ರೈಲ್ವೆಯ ಪ್ರಧಾನ ಕಚೇರಿಯಿರುವುದೂ ಇಲ್ಲಿಯೇ. 1998ರಲ್ಲಿ ಆ ಮಾರ್ಗ ಪೂರ್ಣವಾಗಿ ತೆರೆದ ಮೇಲೆ, ಪನ್ವೇಲಿನಲ್ಲಿ ಕೇರಳದ ಗಾಡಿಯನ್ನು ಹತ್ತಿದವರು ಕಾಸರಗೋಡು ದಾಟಿದ ಸ್ವಲ್ಪ ಹೊತ್ತಿನಲ್ಲಿ ಚಂದ್ರಗಿರಿ ಹೊಳೆಯನ್ನು ದಾಟುತ್ತಾರೆ. ಸಿಮಂದಿನಿಯ ರಾಜ್ಯಕ್ಕೆ ಬೇಲಾಪುರದಿಂದ ಇರುವ ದೂರ ಒಂದು ರಾತ್ರಿಯ ಪ್ರಯಾಣವನ್ನು ಹೆಚ್ಚು ಮೀರುವುದಿಲ್ಲ.

ಇನ್ನು ಭಾಷೆಯ ವಿಚಾರ. ಸಿಮಂದಿನಿಯಾಗಿ ಎಲೆನ್ ಸ್ಮಿತ್ ನುಡಿದ ಮಾತುಗಳನ್ನೂ ಹಾಡಿದ ಹಾಡುಗಳನ್ನೂ ಫ್ಲೂರ್ನುವಾ ಅವರು ಬರೆದುಕೊಂಡು, 1891ರಿಂದ ಜಿನೀವಾದಲ್ಲಿ ಸಂಸ್ಕೃತ ಬೋಧಿಸುತ್ತಿದ್ದ ಸಸ್ಯೂರ್ ಅವರ ಮುಂದಿರಿಸಿದರು. ಸಸ್ಯೂರ್ ಅವರು 1897ರಲ್ಲಿ ಗೋಷ್ಠಿಗೂ ಬಂದು ಕೇಳಿದರು. ಅವರ ನಿರ್ಣಯ ಎಚ್ಚರಿಕೆಯಿಂದ ಕೂಡಿದ್ದು. ಇದು ಸಂಸ್ಕೃತವಲ್ಲ, ಆದರೆ ಅಲ್ಲಲ್ಲಿ ನಿಜವಾದ ಸಂಸ್ಕೃತ ಪದಗಳ ತುಣುಕುಗಳಿವೆ. ‘ಮಮ’, ‘ಪ್ರಿಯ’, ‘ಗಣಪತಿ’ ಎಂಬಂತಹವು ಸ್ಪಷ್ಟವಾಗಿ ಕೇಳಿಬರುತ್ತವೆ. ವಿಭಕ್ತಿ, ಆಖ್ಯಾತಗಳ ವ್ಯವಸ್ಥೆಯಿಲ್ಲ. ಉಳಿದ ಪದಗಳು ಅರ್ಥವಾಗದಿದ್ದರೂ ಅವುಗಳಲ್ಲಿ ಸಂಸ್ಕೃತದ ಪದಸ್ವರೂಪಕ್ಕೆ ವಿರುದ್ಧವಾದುದು ಏನೂ ಇಲ್ಲ. ಇದನ್ನು ಮನವರಿಕೆ ಮಾಡಿಕೊಡಲು ಸಸ್ಯೂರ್ ಅವರು ತಾವೇ ಒಂದು ಕೃತಕ ಲ್ಯಾಟಿನ್ ಖಂಡವನ್ನು ರಚಿಸಿ ತೋರಿಸಿದರು: ಅರೆಬರೆ ಲ್ಯಾಟಿನ್ ಕಲಿತ ಹುಡುಗನ ಬಾಯಿಂದ ಬರಬಹುದಾದ, ಲ್ಯಾಟಿನ್ ಅಲ್ಲದ, ಆದರೆ ಗ್ರೀಕನ್ನಾಗಲಿ ಇಂಗ್ಲಿಷನ್ನಾಗಲಿ ಒಳಗೆ ಬಿಟ್ಟುಕೊಳ್ಳದ ನುಡಿ. ಎಲ್ಲಕ್ಕಿಂತ ಕುತೂಹಲಕರವಾದುದು ಅವರ ಇನ್ನೊಂದು ಅವಲೋಕನ. ಸಿಮಂದಿನಿಯ ನುಡಿಯಲ್ಲಿ ಎಲ್ಲಿಯೂ ‘ಫ’ ಎಂಬ ದಂತೋಷ್ಠ್ಯ ಧ್ವನಿ ಇಲ್ಲ. ಸಂಸ್ಕೃತದಲ್ಲಿ ಆ ಧ್ವನಿ ಇಲ್ಲ; ಆದರೆ ಫ್ರೆಂಚಿನಲ್ಲಿ ಅದು ಹೆಜ್ಜೆಹೆಜ್ಜೆಗೆ ಬರುತ್ತದೆ. ಸಂಸ್ಕೃತ ಬಾರದ ಫ್ರೆಂಚ್ ಭಾಷಿಕಳು ಆ ಒಂದು ಧ್ವನಿಯನ್ನು ಹೇಗೆ ಬಿಟ್ಟಳು? 1901ರಲ್ಲಿ ಈ ಭಾಷೆಗಳ ಮೇಲೆ ಪ್ರತ್ಯೇಕ ಗ್ರಂಥವನ್ನೇ ಬರೆದ ಪ್ಯಾರಿಸಿನ ಸಂಸ್ಕೃತ ವಿದ್ವಾಂಸ ವಿಕ್ತೋರ್ ಆನ್ರಿ ಅವರ ಉತ್ತರ ಹೀಗಿದೆ: ಫ್ರೆಂಚನ್ನು ತೊರೆಯಬೇಕೆಂಬ ಹಟದಲ್ಲಿದ್ದ ಆಕೆಯ ಒಳಮನಸ್ಸು ‘ಫ್ರೆಂಚ್’ ಎಂಬ ಪದದ ಮೊದಲ ಧ್ವನಿಯನ್ನೇ ತೊರೆಯಿತು.

ಆನ್ರಿ ಅವರ ಉತ್ತರವನ್ನು ಹಲವರು ಜಾಣತನದ ಅತಿರೇಕವೆಂದು ಭಾವಿಸಬಹುದು. ಮಧ್ಯಕಾಲೀನ ಕನ್ನಡ ಸಾಹಿತ್ಯದ ಪರಿಚಯವಿರುವವರಿಗೆ ಅದು ಅಷ್ಟು ವಿಚಿತ್ರವಾಗಿ ತೋರಬೇಕಾಗಿಲ್ಲ. ಹದಿಮೂರನೆಯ ಶತಮಾನದ ಆಂಡಯ್ಯನ ‘ಕಬ್ಬಿಗರ ಕಾವ’ ಇಂತಹುದೇ ಒಂದು ತೊರೆಯುವಿಕೆಯಿಂದ ಹುಟ್ಟಿದ ಭಾಷೆ. ತತ್ಸಮಗಳನ್ನು ಕೈಬಿಟ್ಟು ದೇಶ್ಯ ತದ್ಭವಗಳಿಂದಲೇ ಕಾವ್ಯವನ್ನು ನಡೆಸುತ್ತೇನೆಂದು ಹೊರಟ ಆಂಡಯ್ಯನು ಕಟ್ಟಿದ್ದು ಅಚ್ಚಗನ್ನಡವೆಂದು ಹೆಸರಾಯಿತು. ನಿಜದಲ್ಲಿ ಆ ಕನ್ನಡವನ್ನು ಯಾವ ಊರಿನಲ್ಲಿ ಯಾವ ಜನ ಆಡುತ್ತಿದ್ದರು? ಆಡುಮಾತಿನಲ್ಲಿ ಶತಮಾನಗಳಿಂದ ಬೆರೆತುಹೋದ ಪದಗಳನ್ನು ಹೆಕ್ಕಿ ಹೊರಗಿಟ್ಟು ಉಳಿದವುಗಳಿಂದ ನೇಯ್ದ ನುಡಿ ಅದು. ಕಾವನ್ ಶಿವನ ಮೇಲೆ ದಂಡೆತ್ತಿ ಹೋಗುವ, ಚಂದ್ರನಿಗಾಗಿ ಯುದ್ಧ ನಡೆಯುವ ಕಲ್ಪನಾಲೋಕಕ್ಕೆ ಒಪ್ಪುವ ನುಡಿ. ಗುಣಾಢ್ಯನ ಕಥೆಯೂ ಇದನ್ನೇ ಹೇಳುತ್ತದೆ. ಪಂತದಲ್ಲಿ ಸೋತ ಅವನು ಸಂಸ್ಕೃತ, ಪ್ರಾಕೃತ, ದೇಶಭಾಷೆ ಮೂರನ್ನೂ ತೊರೆದ ಮೇಲೆ ಅವನಿಗೆ ಉಳಿದದ್ದು ಪಿಶಾಚಿಗಳ ಭಾಷೆ. ಬೃಹತ್ಕಥೆ ಅದರಲ್ಲಿ ರಚಿತವಾಯಿತೆಂದು ಕಥಾಸರಿತ್ಸಾಗರ ತಿಳಿಸುತ್ತದೆ. ಕಲ್ಪಿತ ಭಾಷೆ ತಾನು ಏನನ್ನು ಸೇರಿಸಿಕೊಂಡಿತು ಎಂಬುದಕ್ಕಿಂತ ಏನನ್ನು ಹೊರಗಿಟ್ಟಿತು ಎಂಬುದರಿಂದ ತನ್ನ ರೂಪವನ್ನು ಪಡೆಯುತ್ತದೆಂಬ ಅರಿವು ನಮ್ಮ ಪರಂಪರೆಗೆ ಹಳೆಯದು.

ಸಿಮಂದಿನಿಯ ನುಡಿಯನ್ನು ಆಂಡಯ್ಯನ ನುಡಿಯ ಪಕ್ಕದಲ್ಲಿಟ್ಟಾಗ ಒಂದು ವೈಪರೀತ್ಯ ಎದ್ದುಕಾಣುತ್ತದೆ. ಆಂಡಯ್ಯನಲ್ಲಿ ತತ್ಸಮವಿಲ್ಲ, ಸಿಮಂದಿನಿಯಲ್ಲಿ ದೇಶ್ಯವಿಲ್ಲ. ಕೆನರಾದ ರಾಣಿ ಅನ್ನವನ್ನು, ನೀರನ್ನು, ಮಳೆಯನ್ನು, ಹೊಳೆಯನ್ನು ಕನ್ನಡದಲ್ಲಾಗಲಿ ತುಳುವಿನಲ್ಲಾಗಲಿ ಒಮ್ಮೆಯೂ ಹೆಸರಿಸುವುದಿಲ್ಲ. ಆಕೆಯ ಪದಸಂಪತ್ತು ಬಹುಮಟ್ಟಿಗೆ ಪ್ರೀತಿ, ಅಳಲು, ಸಂಬೋಧನೆಗಳ ಸುತ್ತ ಸುಳಿಯುತ್ತದೆ. ಚಂದ್ರಗಿರಿ ಹೊಳೆ ತುಳುನಾಡಿಗೂ ಮಲಯಾಳ ದೇಶಕ್ಕೂ ನಡುವಿನ ಪಾರಂಪರಿಕ ಗಡಿ. ಅಲ್ಲಿ ತುಳು, ಕನ್ನಡ, ಮಲಯಾಳಗಳು ದಿನನಿತ್ಯ ಒಂದನ್ನೊಂದು ಕೇಳಿಸಿಕೊಂಡಿವೆ. ಬಾರಕೂರಿನ ಶಾಸನಗಳ ಭಾಷೆ ಕನ್ನಡ. ಕೆಳದಿಯ ಅರಮನೆಯಲ್ಲಿ ಬಸವಭೂಪಾಲನ ‘ಶಿವತತ್ತ್ವರತ್ನಾಕರ’ ಸಂಸ್ಕೃತದಲ್ಲಿ ರಚಿತವಾಯಿತು, ದಿಟ. ಆದರೆ ಆ ಮನೆತನದ ಚರಿತ್ರೆಯನ್ನು ಲಿಂಗಣ್ಣ ಕವಿ ‘ಕೆಳದಿನೃಪವಿಜಯ’ದಲ್ಲಿ ಹೇಳಿದ್ದು ಕನ್ನಡದಲ್ಲಿಯೇ. ಸಂಸ್ಕೃತ ನಾಟಕಗಳಲ್ಲಿ ಕೂಡ ರಾಣಿಯರು ಸಾಮಾನ್ಯವಾಗಿ ಆಡುವುದು ಪ್ರಾಕೃತವನ್ನು. ಅಂತಃಪುರದಲ್ಲಿ ಪತಿಯೊಡನೆ ಸಂಸ್ಕೃತದಲ್ಲಿ ಸಲ್ಲಾಪಿಸುವ ಅರಬ್ ಮೂಲದ ರಾಣಿಯನ್ನು ನಮ್ಮ ಯಾವ ಕವಿಸಮಯವೂ ಒಪ್ಪಲಾರದು.

ಇದಕ್ಕೆ ಎಲೆನ್ ಸ್ಮಿತಳನ್ನು ದೂಷಿಸಿ ಫಲವಿಲ್ಲ. ಆಕೆಗೆ ದೊರೆತ ಸಾಮಗ್ರಿಯೇ ಅಷ್ಟು. ಗೋಷ್ಠಿಗಳು ನಡೆಯುತ್ತಿದ್ದ ಒಂದು ಮನೆಯಲ್ಲಿ ಸಂಸ್ಕೃತ ವ್ಯಾಕರಣವೊಂದು ಇತ್ತೆಂಬುದನ್ನು ಫ್ಲೂರ್ನುವಾ ಅವರು ಪತ್ತೆಹಚ್ಚಿದ್ದಾರೆ. ಕಣ್ಣು ಹಾಯಿಸಿದಷ್ಟರಿಂದ ಆಕೆ ಕಟ್ಟಿದಳು. ಪ್ರಶ್ನೆ ಇರುವುದು ಪರೀಕ್ಷಕರ ಕಡೆಗೆ. ಕನಸು ಕೆನರಾ ಎಂದು ಹೇಳಿತು. ಪರೀಕ್ಷಕರು ಸಂಸ್ಕೃತದ ಒರೆಗಲ್ಲನ್ನು ಹಿಡಿದರು. ಭಾರತವೆಂದರೆ ಸಂಸ್ಕೃತ, ಉಳಿದುದು ಅದರ ಹೊರಸುತ್ತು ಎಂಬ ಆ ಕಾಲದ ಪ್ರಾಚ್ಯವಿದ್ಯೆಯ ಗ್ರಹಿಕೆಯನ್ನು ಮಾಧ್ಯಮವೂ ವಿದ್ವಾಂಸರೂ ಸಮಾನವಾಗಿ ಹಂಚಿಕೊಂಡಿದ್ದರು. ಸಂಸ್ಕೃತವೇ ಏಕೆ ಎಂದು ಮೊದಲೇ ಕೇಳಿದ್ದರೆ ಪುನರ್ಜನ್ಮದ ವಾದ ಅಲ್ಲಿಯೇ ಕುಸಿಯುತ್ತಿತ್ತು. ಪದಪದವಾಗಿ ಪರಿಶೀಲಿಸುವ ಶ್ರಮ ಬೇಕಾಗುತ್ತಿರಲಿಲ್ಲ.

ಹಾಗೆ ಕೇಳಬಲ್ಲವರು ಅದೇ ದೇಶದಲ್ಲಿದ್ದರೆಂಬುದು ಈ ಪ್ರಸಂಗದ ನಿಜವಾದ ವ್ಯಂಗ್ಯ. ಸ್ವಿಟ್ಜರ್ಲೆಂಡಿನ ಇನ್ನೊಂದು ತುದಿಯ ಬಾಸೆಲ್ ನಗರದ ಮಿಷನ್ 1834ರಿಂದ ಮಂಗಳೂರಿನಲ್ಲಿ ನೆಲೆಯೂರಿತ್ತು. ಚಂದ್ರಗಿರಿಯಿಂದ ಮಂಗಳೂರಿಗೆ ಐವತ್ತು ಚಿಲ್ಲರೆ ಕಿಲೋಮೀಟರು. ಅಲ್ಲಿ 1843ರಲ್ಲಿ ಹರ್ಮನ್ ಮೋಗ್ಲಿಂಗ್ ಅವರು ‘ಮಂಗಳೂರ ಸಮಾಚಾರ’ವನ್ನು ಹೊರಡಿಸಿದ್ದರು. ಸುಮಾರು 70,000 ಪದಗಳ ಕಿಟ್ಟೆಲ್ ಅವರ ಕನ್ನಡ-ಇಂಗ್ಲಿಷ್ ನಿಘಂಟನ್ನು ಅದೇ ಮಿಷನ್ ಮಂಗಳೂರಿನಲ್ಲಿ ಪ್ರಕಟಿಸಿದ್ದು 1894ರಲ್ಲಿ. ಫ್ಲೂರ್ನುವಾ ಅವರು ಗೋಷ್ಠಿಯ ಮೆಟ್ಟಿಲು ಹತ್ತಿದ ವರ್ಷವೇ. ಜಿನೀವಾದಲ್ಲಿ ಕೆನರಾದ ರಾಣಿ ಇಲ್ಲದ ಭಾಷೆಯೊಂದನ್ನು ಕಟ್ಟುತ್ತಿದ್ದಾಗ ಬಾಸೆಲ್ಲಿನಲ್ಲಿ ಕೆನರಾದ ಭಾಷೆಯನ್ನು ಓದಿ ಬರೆದು ಮಾತನಾಡಬಲ್ಲ ನಿವೃತ್ತ ಪಾದ್ರಿಗಳಿದ್ದರು. ಎರಡು ನಗರಗಳ ನಡುವೆ ರೈಲುಮಾರ್ಗವಿತ್ತು. ಎರಡು ವಿದ್ಯೆಗಳ ನಡುವೆ ಇರಲಿಲ್ಲ.

ಸಿಮಂದಿನಿ ಎಂಬ ಹೆಸರಿನಲ್ಲಿಯೂ ಇಂತಹುದೇ ಒಂದು ಕಳೆದುಹೋದ ಎಳೆಯಿದೆ. ಅದು ‘ಸೀಮಂತಿನೀ’ ಎಂಬುದರ ಸಡಿಲ ರೂಪವೆಂದು ಯಾರಿಗಾದರೂ ಹೊಳೆಯುತ್ತದೆ. ಬೈತಲೆಯುಳ್ಳವಳು, ಹೆಣ್ಣು ಎಂಬುದು ಸಾಮಾನ್ಯಾರ್ಥ. ಆದರೆ ನಮ್ಮ ಮನೆಗಳಲ್ಲಿ ಸೀಮಂತಿನಿಯೆಂದರೆ ಸೋಮವಾರ ವ್ರತದ ಕಥೆಯ ನಾಯಿಕೆ. ಮೂಲ ಸ್ಕಾಂದಪುರಾಣದ ಬ್ರಹ್ಮೋತ್ತರಖಂಡದಲ್ಲಿದೆ. ಅವಳ ಗಂಡ ಚಂದ್ರಾಂಗದನು ಯಮುನೆಯಲ್ಲಿ ಮುಳುಗಿ ಕಣ್ಮರೆಯಾಗುತ್ತಾನೆ. ಎಲ್ಲರೂ ಅವನು ಸತ್ತನೆಂದು ನಂಬಿದರೂ ಸೀಮಂತಿನಿ ಚಿತೆಯೇರುವುದಿಲ್ಲ. ವ್ರತವನ್ನು ಬಿಡದೆ ನಡೆಸುತ್ತಾಳೆ. ನಾಗಲೋಕದಿಂದ ಚಂದ್ರಾಂಗದನು ಹಿಂದಿರುಗುತ್ತಾನೆ. ಶಿವಭಕ್ತಿ, ಚಂದ್ರನ ಹೆಸರು, ಅಗಲಿಕೆ ಎಲ್ಲವೂ ಇಲ್ಲಿವೆ. ಕಾಯುವ ಹೆಣ್ಣಿನ ಈ ಕಥೆ ಜಿನೀವಾದಲ್ಲಿ ಸುಟ್ಟುಕೊಳ್ಳುವ ಹೆಣ್ಣಿನ ಕಥೆಯಾಯಿತು. ನಮ್ಮ ನಾಡಿನಲ್ಲಿ ಸತಿಯಿರಲಿಲ್ಲವೆಂದು ಇದರ ಅರ್ಥವಲ್ಲ. 1057ರ ಬೆಳತೂರಿನ ದೇಕಬ್ಬೆಯ ಶಾಸನವನ್ನು ಓದಿದವರು, ಊರೂರ ಮಾಸ್ತಿಕಲ್ಲುಗಳಲ್ಲಿ ಬಳೆತೊಟ್ಟ ಕೈಯನ್ನು ಕಂಡವರು ಹಾಗೆ ಹೇಳಲಾರರು. ದೇಕಬ್ಬೆಯನ್ನು ತಂದೆತಾಯಿ ತಡೆಯುತ್ತಾರೆ, ಅವಳು ಉತ್ತರ ಕೊಡುತ್ತಾಳೆ. ಸುತ್ತ ಜನರಿದ್ದಾರೆ, ದಾನಗಳಿವೆ, ನೆಲಕ್ಕೆ ಹೆಸರುಗಳಿವೆ. ಸಿಮಂದಿನಿಯ ಚಿತೆಯ ಬಳಿ ತಡೆಯುವವರಿಲ್ಲ. ತಡೆಯಲು ಬೇಕಾದ ಭಾಷೆ ಆ ಕನಸಿನಲ್ಲಿ ಯಾರಿಗೂ ಇಲ್ಲ.

ಮಂಗಳಗ್ರಹದ ಭಾಷೆಯ ಬಗ್ಗೆ ಹೆಚ್ಚು ಬರೆಯಬೇಕಾದ್ದಿಲ್ಲ. ಪ್ರಸಿದ್ಧಿ ಅದಕ್ಕೇ ಹೆಚ್ಚು ಸಂದಿದ್ದರೂ ಅದು ಕೆಳಮಟ್ಟದ ರಚನೆ. 1896ರ ಫೆಬ್ರವರಿಯಲ್ಲಿ ಮೊದಲು ಕೇಳಿಬಂದ ಈ ಭಾಷೆಗೆ ಲಿಪಿಯೂ ಇತ್ತು, ಸಾಲುಸಾಲಿಗೆ ಫ್ರೆಂಚ್ ಅನುವಾದವೂ ದೊರೆಯುತ್ತಿತ್ತು. ಫ್ಲೂರ್ನುವಾ ಅವರು ಅದನ್ನು ಬಿಡಿಸಿದಾಗ ಒಳಗಿದ್ದುದು ಫ್ರೆಂಚೇ. ಪದಕ್ಕೆ ಪದ, ಕ್ರಮಕ್ಕೆ ಕ್ರಮ. ಫ್ರೆಂಚಿನಲ್ಲಿ ಉಚ್ಚಾರಣೆ ಒಂದೇ ಆಗಿ ಅರ್ಥ ಬೇರೆಯಾದ ಉಪಸರ್ಗ ಮತ್ತು ಕ್ರಿಯಾಪದಗಳಿಗೆ ಮಂಗಳದಲ್ಲಿಯೂ ಒಂದೇ ಪದ! ಅನ್ಯಲೋಕದ ನಿಘಂಟು, ಮನೆಯ ವ್ಯಾಕರಣ. ಆದರೆ ಈ ವಿಮರ್ಶೆಯನ್ನು ಫ್ಲೂರ್ನುವಾ ಅವರು ಆಕೆಗೆ ತಿಳಿಸಿದ ಮೇಲೆ ನಡೆದುದು ಸ್ವಾರಸ್ಯಕರ. 1898ರಲ್ಲಿ, ಕೆಲವೇ ವಾರಗಳೊಳಗೆ, ಮಂಗಳದಾಚೆಯ ಇನ್ನೊಂದು ಲೋಕದ ಇನ್ನೊಂದು ಭಾಷೆ ಅವತರಿಸಿತು. ಫ್ರೆಂಚಿನ ಸಾಮ್ಯವನ್ನು ಆದಷ್ಟು ಅಳಿಸಿಕೊಂಡು. ಆಮೇಲೆ ಯುರೇನಸ್ಸಿನ ಭಾಷೆಯೂ ಬಂದಿತು. ವಿಮರ್ಶೆಗೆ ಇಷ್ಟು ಬೇಗ ಸ್ಪಂದಿಸುವ ಕವಿಗಳು ಎಚ್ಚರದ ಲೋಕದಲ್ಲಿ ವಿರಳ.

ಎರಡನ್ನೂ ತೂಗಿದಾಗ ನನ್ನ ನಿರ್ಣಯ ಸ್ಪಷ್ಟ. ಮಂಗಳದ ನುಡಿ ಬೀಗಕ್ಕೆ ತಕ್ಕ ಕೀಲಿಯಿರುವ ಸಂಕೇತಲಿಪಿ. ಕೀಲಿ ದೊರೆತೊಡನೆ ಅದು ಮುಗಿಯುತ್ತದೆ. ಸಿಮಂದಿನಿಯ ನುಡಿಗೆ ಪದಶಃ ಅನುವಾದ ಇರಲಿಲ್ಲ. ಭಾವವನ್ನು ಮಾತ್ರ ಸೂಚಿಸಲಾಗುತ್ತಿತ್ತು. ಅದು ಮುಗಿಯುವುದಿಲ್ಲ. ಅಲ್ಲಮನ ಬೆಡಗಿನ ವಚನಗಳನ್ನು ಓದುವಾಗ ನಾವು ಎದುರಿಸುವ ಸಮಸ್ಯೆಯೂ ಇದೇ. ಟೀಕಾಕಾರರು ಒಂದೊಂದು ಪ್ರಾಣಿಗೂ ಒಂದೊಂದು ತತ್ತ್ವವನ್ನು ನಿಗದಿಪಡಿಸಿ ಬೆಡಗನ್ನು ಬಿಡಿಸಿದರು. ಹಾಗೆ ಬಿಡಿಸಿದಾಗ ದೊರೆತ ಸಿದ್ಧಾಂತ ನೇರವಾಗಿಯೇ ಹೇಳಬಹುದಾಗಿದ್ದ ಸಿದ್ಧಾಂತವಾಗಿತ್ತು. ಚರ್ಯಾಪದಗಳ ಭಾಷೆಯ ಬಗ್ಗೆ ವಂಗ ವಿದ್ವಾಂಸರಲ್ಲಿ ನಡೆದ ವಾಗ್ವಾದ ಇಲ್ಲಿ ನೆರವಿಗೆ ಬರುತ್ತದೆ. ಅವುಗಳನ್ನು 1907ರಲ್ಲಿ ನೇಪಾಳದಲ್ಲಿ ಕಂಡು 1916ರಲ್ಲಿ ಪ್ರಕಟಿಸಿದ ಹರಪ್ರಸಾದ ಶಾಸ್ತ್ರಿಗಳು ಅದನ್ನು ‘ಸಂಧ್ಯಾಭಾಷೆ’ ಎಂದರು. ಬೆಳಕು ಕತ್ತಲೆಗಳ ನಡುವಿನ ಭಾಷೆ. ವಿಧುಶೇಖರ ಭಟ್ಟಾಚಾರ್ಯರು ಅದು ‘ಸಂಧಾಭಾಷೆ’, ಉದ್ದೇಶಪೂರ್ವಕವಾಗಿ ಅಭಿಪ್ರಾಯವನ್ನು ಅಡಗಿಸಿಟ್ಟ ಭಾಷೆ ಎಂದು ತಿದ್ದಿದರು. ಪಾಠದೃಷ್ಟಿಯಿಂದ ಭಟ್ಟಾಚಾರ್ಯರ ವಾದ ಬಲವಾದುದಿರಬಹುದು. ಆದರೆ ಅಲ್ಲಮನನ್ನು ಓದುವ ಕಿವಿಗೆ ಶಾಸ್ತ್ರಿಗಳ ಮಾತು ಹತ್ತಿರ. ಈ ವಿಭಾಗವನ್ನು ಜಿನೀವಾಕ್ಕೆ ಅನ್ವಯಿಸಿದರೆ ಮಂಗಳದ್ದು ಸಂಧಾ, ಚಂದ್ರಗಿರಿಯದು ಸಂಧ್ಯಾ. ಅಲ್ಲಮನಿಗೂ ಎಲೆನ್ ಸ್ಮಿತಳಿಗೂ ಸಮಾನತೆಯನ್ನು ಕಲ್ಪಿಸುವುದು ನನ್ನ ಉದ್ದೇಶವಲ್ಲ. ಅಲ್ಲಮ ಹಳ್ಳಿಯ ಕನ್ನಡದ ಬಿಸಿಯನ್ನು ಒಂದು ಕ್ಷಣವೂ ಕೈಬಿಡುವುದಿಲ್ಲ. ಅವನ ಪದಗಳೆಲ್ಲ ನಮ್ಮವು. ಅವು ಸೇರುವ ರೀತಿ ಮಾತ್ರ ಈ ಲೋಕದ್ದಲ್ಲ. ಅಕ್ಕಮಹಾದೇವಿ ತನ್ನ ಕನಸನ್ನು ಕೆಳದಿಗೆ ಹೇಳುವ ಪ್ರಸಿದ್ಧ ವಚನದಲ್ಲಿಯೂ ಅಕ್ಕಿ, ಅಡಕೆ, ತೆಂಗಿನಕಾಯಿಗಳ ಮನೆಮಾತೇ ಇದೆ. ಪಂಪನ ‘ಆದಿಪುರಾಣ’ದಲ್ಲಿ ಮರುದೇವಿ ಕಾಣುವ ಹದಿನಾರು ಕನಸುಗಳು ಮಾತೇ ಆಡುವುದಿಲ್ಲ, ಆನೆ, ಎತ್ತು, ಸಿಂಹಗಳಾಗಿ ಕಾಣಿಸಿಕೊಂಡು ಮರುದಿನ ನಾಭಿರಾಜನ ಎಚ್ಚರದ ನುಡಿಗಾಗಿ ಕಾಯುತ್ತವೆ. ಕನಸಿಗೆ ಪರಭಾಷೆ ಬೇಕೆಂದು ನಮ್ಮ ಕವಿಗಳಿಗೆ ತೋರಲಿಲ್ಲ.

ಸಸ್ಯೂರ್ ಅವರ ಒಂದು ಮಾನದಂಡವನ್ನು ಮಾತ್ರ ನಾವು ಬಿಡದೆ ಉಳಿಸಿಕೊಳ್ಳಬೇಕಾಗಿದೆ. ತಪ್ಪುಗಳನ್ನು ಎಣಿಸುವ ಬದಲು, ಆ ಭಾಷೆಯ ಸ್ವಭಾವಕ್ಕೆ ವಿರುದ್ಧವಾದುದು ಇದೆಯೇ ಎಂದು ಅವರು ನೋಡಿದರು. ಬೇಲಾಪುರ, ಕಲ್ಯಾಣ, ಡೊಂಬಿವಿಲಿಗಳಲ್ಲಿ ಕಾಸರಗೋಡು ಮತ್ತು ದಕ್ಷಿಣ ಕನ್ನಡದ ಮೂಲದ ಮನೆಗಳ ಮೂರನೆಯ ತಲೆಮಾರು ಬೆಳೆಯುತ್ತಿದೆ. ಮನೆಯೊಳಗೆ ತುಳು ಅಥವಾ ಕೊಂಕಣಿ, ಬೀದಿಯಲ್ಲಿ ಮರಾಠಿ ಹಿಂದಿ, ಶಾಲೆಯಲ್ಲಿ ಇಂಗ್ಲಿಷ್. ಕನ್ನಡ ಅಜ್ಜಿಯ ಪುಸ್ತಕದಲ್ಲಿ, ಯಕ್ಷಗಾನದ ಅರ್ಥಗಾರಿಕೆಯಲ್ಲಿ, ರಜೆಯ ಊರಿನಲ್ಲಿ. ಈ ಮಕ್ಕಳಿಗೆ ಕನ್ನಡವು ಕೇಳಿದ ತುಣುಕುಗಳಿಂದ ಕಟ್ಟಿಕೊಳ್ಳಬೇಕಾದ ಭಾಷೆ. ಅವರ ವಾಕ್ಯದಲ್ಲಿ ವಿಭಕ್ತಿ ಜಾರುತ್ತದೆ, ಲಿಂಗ ತಪ್ಪುತ್ತದೆ, ಅಲ್ಲೊಂದು ಇಲ್ಲೊಂದು ಪದ ಅವರೇ ಮಾಡಿಕೊಂಡದ್ದಾಗಿರುತ್ತದೆ. ಭಾಷಣ ಸ್ಪರ್ಧೆಗಳ ತೀರ್ಪುಗಾರರಾಗಿ ಕುಳಿತ ನಮ್ಮಂಥವರು ಒಡನೆಯೇ ಅಂಕ ಕಳೆಯುತ್ತೇವೆ. ಆ ಪದಗಳನ್ನು ಕಿವಿಗೊಟ್ಟು ಕೇಳಿದರೆ, ಕನ್ನಡದ ಪದಸ್ವರೂಪಕ್ಕೆ ವಿರುದ್ಧವಾದುದು ಅವುಗಳಲ್ಲಿ ಕಡಿಮೆ. ಸ್ವರಾಂತವಾಗಿಯೇ ಮುಗಿಯುತ್ತವೆ, ಪ್ರತ್ಯಯ ತಪ್ಪಿದರೂ ಪ್ರತ್ಯಯದ ಸ್ಥಾನ ತಪ್ಪುವುದಿಲ್ಲ. ಜಿನೀವಾದ ಪರವಶೆಗೆ ಸಂಸ್ಕೃತದ ಆಚಾರ್ಯರು ತೋರಿದ ಕರ್ಣಸೌಜನ್ಯವನ್ನು ಈ ಮಕ್ಕಳಿಗೆ ಕನ್ನಡದ ಆಚಾರ್ಯರು ತೋರುವುದು ಕಷ್ಟವಾಗಬಾರದು.

ಎಲೆನ್ ಸ್ಮಿತಳ ಮುಂದಿನ ಕಥೆ ಬೇರೆಯವರಿಗೆ ಸೇರಿದ್ದು. ಅತಿವಾಸ್ತವವಾದಿಗಳು ಆಕೆಯನ್ನು ಸ್ವಯಂಚಾಲಿತ ಬರವಣಿಗೆಯ ದೇವತೆಯಾಗಿ ಕೊಂಡಾಡಿದರು. ಆಂದ್ರೆ ಬ್ರೆತೋನ್ ಮತ್ತು ಗೆಳೆಯರು ಯುದ್ಧಕಾಲದಲ್ಲಿ ಮಾರ್ಸೇಲಿನಲ್ಲಿ ರೂಪಿಸಿದ ಇಸ್ಪೀಟಿನ ಎಲೆಗಳಲ್ಲಿ ಒಂದು ಆಕೆಯ ಹೆಸರಿನದು. ತೊದೊರೋವ್ ಅವರು 1977ರಲ್ಲಿ ಪ್ರಕಟಿಸಿದ ತಮ್ಮ ಸಂಕೇತಸಿದ್ಧಾಂತಗಳ ಗ್ರಂಥದಲ್ಲಿ ಸಸ್ಯೂರ್ ಅವರನ್ನು ಚರ್ಚಿಸುವಾಗ ಈ ಪ್ರಸಂಗವನ್ನು ಮತ್ತೆ ಮುನ್ನೆಲೆಗೆ ತಂದರು. ಯಾವ ಚರ್ಚೆಯಲ್ಲಿಯೂ ಚಂದ್ರಗಿರಿ ಒಂದು ವಿಲಕ್ಷಣ ಹೆಸರಿಗಿಂತ ಹೆಚ್ಚಿನದಾಗಲಿಲ್ಲ. ಗ್ರಂಥ ಪ್ರಕಟವಾದ ಮೇಲೆ ಆಕೆಗೂ ಫ್ಲೂರ್ನುವಾ ಅವರಿಗೂ ಮನಸ್ತಾಪ ಬೆಳೆಯಿತು. ಅವರು ತಮ್ಮ ಅನುಬಂಧ ಅಧ್ಯಯನವನ್ನು 1902ರಲ್ಲಿ ಪ್ರಕಟಿಸಿ ವಿಷಯವನ್ನು ಮುಗಿಸಿದರು. ಶ್ರೀಮಂತ ಅಮೆರಿಕನ್ ಮಹಿಳೆಯೊಬ್ಬಳ ಆಶ್ರಯ ದೊರೆತು ಎಲೆನ್ ಸ್ಮಿತ್ ಉದ್ಯೋಗವನ್ನು ಬಿಟ್ಟಳು. ತನ್ನನ್ನು ನಗುವವರೂ ಪರೀಕ್ಷಿಸುವವರೂ ಇಲ್ಲದ ಕೋಣೆಯಲ್ಲಿ, ಪರವಶತೆಯಲ್ಲಿಯೇ, ಆಕೆ ಕ್ರಿಸ್ತನ ಮತ್ತು ಮರಿಯಮ್ಮನ ದೊಡ್ಡ ವರ್ಣಚಿತ್ರಗಳನ್ನು ಬರೆಯತೊಡಗಿದಳು.